ಮೇ ಇಪ್ಪತ್ತೊಂಬತ್ತು

ಬ್ರೆಡ್ಡಿಗೆ ಬೆಣ್ಣೆ ಸವರುತ್ತಿದ್ದ ಅಪ್ಪ ಚಾಕುವನ್ನು ತಟ್ಟೆಯ ಅಂಚಿಗೆ ಒರಗಿಸಿ, "ಇವತ್ತು ನಂದೂ ಒಂದು ಓದಿಬಿಡು" ಎಂದರು.

ದೊಡ್ಡ ಮಗಳು ಒಂದು ಕಾಲಿಗೆ ಚಪ್ಪಲಿ ಮೆಟ್ಟಿ ಇನ್ನೊಂದಕ್ಕಾಗಿ ಮೇಜಿನಡಿ ತಡಕುತ್ತಿದ್ದಳು. ಬೀದಿಯ ತಿರುವಿನಲ್ಲಿ ರೇಡಿಯೋ ಕೇಂದ್ರದ ವ್ಯಾನು ಆಗಲೇ ಎರಡು ಸಲ ಹಾರನ್ ಹೊಡೆದಿತ್ತು. ಅಪ್ಪ ಯಾವುದರ ಮಾತೆತ್ತಿದ್ದಾರೆಂದು ಅವಳಿಗೆ ತಕ್ಷಣ ಗೊತ್ತಾಯಿತು. ಗೊತ್ತಾಗದವಳ ಹಾಗೆ ತಲೆಯನ್ನು ಮೇಜಿನಡಿಯೇ ಇಟ್ಟುಕೊಂಡು, ಇವತ್ತಿಗೆ ಓದಲು ಬೇಕಾದಷ್ಟಿದೆ, ಹೊತ್ತು ಸಾಲುವುದಿಲ್ಲ ಎಂದಳು.

"ನಾನು ಹೋದ ಮೇಲೆ ಓದಿದ್ರೆ ನಂಗೆ ಕೇಳಿಸೋದಿಲ್ಲ," ಎಂದರು ಅಪ್ಪ. "ಇದ್ದಾಗಲೇ ಓದು."

"ಇವತ್ತು ತಂಗಿ ದಿನ ಅಪ್ಪಾ. ಹಳೇದನ್ನ ಯಾಕೆ ಎತ್ತೋದು?"

"ನೀನು ಎತ್ತದಿದ್ರೆ ಊರು ಎತ್ತಲ್ಲ ಅಂದ್ಕೊಂಡಿದೀಯಾ?"

ಚಪ್ಪಲಿ ಸಿಕ್ಕಿತು. ವ್ಯಾನು ಮತ್ತೆ ಕೂಗಿತು. ಅವಳು ಓಡಿದಳು.

ಊರಿನ ಬಾಯಲ್ಲಿ ಅವಳು ತಾರೀಖಕ್ಕ. ದಿನಾ ಬೆಳಗ್ಗೆ, ಸುದ್ದಿಗೂ ಹವಾಮಾನಕ್ಕೂ ನಡುವೆ, ಚರಿತ್ರೆಯಲ್ಲಿ ಇದೇ ತಾರೀಖಿನಂದು ಏನೇನು ನಡೆದಿತ್ತೆಂದು ರೇಡಿಯೋದಲ್ಲಿ ಓದುವುದು ಅವಳ ಕೆಲಸ. ಹಲ್ಲುಜ್ಜುತ್ತ, ಅಂಗಿಗೆ ಇಸ್ತ್ರಿ ಹಾಕುತ್ತ, ಬಸ್ಸಿಗೆ ಕಾಯುತ್ತ ಜನ ಅವಳನ್ನು ಕೇಳಿ ಕೇಳಿ ತಮ್ಮ ಮನೆಯವಳನ್ನಾಗಿ ಮಾಡಿಕೊಂಡಿದ್ದರು. ಔಷಧಿ ಅಂಗಡಿಯಲ್ಲಿ ಮಾತ್ರೆಗೆಂದು ನಿಂತರೂ ಸಾಕು, ಪಕ್ಕದವರು ತಾವು ಹುಟ್ಟಿದ ತಾರೀಖು ಹೇಳಿ, ನಮ್ಮ ದಿನ ಏನಾಗಿತ್ತಕ್ಕ ಎಂದು ಕೇಳುವರು. ಯುದ್ಧವೋ ಭೂಕಂಪವೋ ಬಂದರೆ ಮುಖ ಸಣ್ಣದು ಮಾಡಿಕೊಳ್ಳುವರು. ಯಾವುದಾದರೂ ಔಷಧಿ ಕಂಡುಹಿಡಿದ ದಿನವಾದರೆ, ಅದನ್ನು ತಾವೇ ಅರೆದು ಕೊಟ್ಟವರ ಹಾಗೆ ಬೀಗುವರು. ತಾರೀಖುಗಳಲ್ಲೂ ಬಡವ ಬಲ್ಲಿದ ಎಂಬುದುಂಟು. ಕೆಲವು ದಿನಗಳಲ್ಲಿ ಎಷ್ಟು ಕೆದಕಿದರೂ ಯಾವನೋ ರಾಜ ನೆಗಡಿಯಾಗಿ ಮಲಗಿದ್ದರ ಆಚೆಗೆ ಏನೂ ಸಿಗದು. ಮೇ ಇಪ್ಪತ್ತೊಂಬತ್ತು ಮಾತ್ರ ತುಂಬಿದ ಮನೆ. ಅವತ್ತು ಒಂದು ಸಾಮ್ರಾಜ್ಯದ ರಾಜಧಾನಿ ಬಿದ್ದಿತ್ತು, ಒಂದು ಸೂರ್ಯಗ್ರಹಣ ವಿಜ್ಞಾನಿಗಳ ನಿದ್ದೆ ಕೆಡಿಸಿತ್ತು, ಇಬ್ಬರು ಮನುಷ್ಯರು ಭೂಮಿಯ ಅತಿ ಎತ್ತರದ ಶಿಖರದ ಮೇಲೆ ನಿಂತಿದ್ದರು. ಈ ಮೂರನ್ನೂ ಅವಳು ವರ್ಷ ವರ್ಷವೂ ಓದುತ್ತಿದ್ದಳು. ನಾಲ್ಕನೆಯದೊಂದಿತ್ತು. ಅದನ್ನು ಒಂದು ವರ್ಷವೂ ಓದಿರಲಿಲ್ಲ.

ಅವಳು ಎರಡನೇ ಕ್ಲಾಸಿನಲ್ಲಿದ್ದಾಗ ಊರಿನ ಬೆನ್ನಿಗಿರುವ ಗುಡ್ಡದಲ್ಲಿ ರೈಲಿಗಾಗಿ ಸುರಂಗ ತೋಡಲು ಹೊರಟಿದ್ದರು. ಈ ಕಡೆಯಿಂದ ಒಂದು ತಂಡ, ಆ ಕಡೆಯಿಂದ ಒಂದು ತಂಡ. ನಡುವೆ ಎಲ್ಲಿ ಸೇರಬೇಕೆಂದು ಅಳೆದು ಗೆರೆ ಹಾಕಿಕೊಟ್ಟ ಸರ್ವೆಯರ್ ಅವಳ ಅಪ್ಪ. ಎರಡು ಸುರಂಗಗಳೂ ಗುಡ್ಡದ ಹೊಟ್ಟೆಯಲ್ಲಿ ಒಂದನ್ನೊಂದು ಕಾಣದೆ ದಾಟಿ ಹೋದವು. ಅಂಥದೇ ಒಂದು ಮೇ ಇಪ್ಪತ್ತೊಂಬತ್ತರಂದು ಕೆಲಸ ನಿಂತಿತು, ಬಾಯಿಗೆ ಕಲ್ಲು ಕಟ್ಟಿದರು. ಅಂದಿನಿಂದ ಊರಿನ ಮಾತಿಗೆ ಒಂದು ಹೊಸ ಪದ ಸೇರಿತು. ಸಿನಿಮಾ ಮಂದಿರದ ಮುಂಬಾಗಿಲಲ್ಲಿ ಒಬ್ಬ, ಹಿಂಬಾಗಿಲಲ್ಲಿ ಒಬ್ಬ ಕಾದು ಕಾದು ಮನೆಗೆ ಹೋದರೆ, "ಸುರಂಗ ಆಯ್ತು ಬಿಡು" ಎನ್ನುವರು. ಮಾತು ಆಡುವವರಿಗೆ ಅದು ಎಲ್ಲಿಂದ ಬಂತೆಂಬುದೇ ಮರೆತಿತ್ತು. ಅಪ್ಪನಿಗೆ ಮರೆತಿರಲಿಲ್ಲ. ಅವರು ಅಳತೆಯ ದುರ್ಬೀನನ್ನು ಮತ್ತೆ ಮುಟ್ಟದೆ, ಪೇಟೆಯ ಮೂಲೆಯಲ್ಲಿ ಸೈಕಲ್ ರಿಪೇರಿಗೆ ಕೂತರು. ಸೊಟ್ಟಗಾದ ಚಕ್ರವನ್ನು ನೇರ ಮಾಡುವುದರಲ್ಲಿ ಅವರದು ಎತ್ತಿದ ಕೈ ಎಂದು ಹೆಸರಾಯಿತು. ಅದಕ್ಕೂ ಜನ ನಗಲು ಕಾರಣ ಹುಡುಕಿಕೊಂಡರು.

ಈಗ ಮತ್ತೆ ಸುರಂಗ, ಅದೇ ಗುಡ್ಡ, ಹೊಸ ಜಾಗ. ಈ ಸಲದ ಸರ್ವೆಯರ್ ತಾರೀಖಕ್ಕನ ತಂಗಿ.

ಎರಡು ಕಡೆಯ ಸುರಂಗಗಳು ಇದೇ ತಾರೀಖಿಗೆ ಸೇರಲಿ ಎಂದು ಯಾರೂ ಗೊತ್ತು ಮಾಡಿರಲಿಲ್ಲ. ನಡುವೆ ಒಂದು ಕಡೆ ಕಲ್ಲು ಗಟ್ಟಿ ಬಂತು, ಇನ್ನೊಂದು ಕಡೆ ಒರತೆಯ ನೀರು ನುಗ್ಗಿತು, ಏಪ್ರಿಲ್ಲಿನಲ್ಲಿ ಆಗಬೇಕಾದ್ದು ಜಾರುತ್ತ ಜಾರುತ್ತ ಮೇ ಕೊನೆಗೆ ಬಂದು ನಿಂತಿತು. ಸುದ್ದಿ ವಿಭಾಗದವನಿಗೆ ಲಿಫ್ಟಿನಲ್ಲಿ ನಿಂತರೇ ಉಸಿರು ಕಟ್ಟುತ್ತಿತ್ತು. ಹಾಗಾಗಿ ಕೇಂದ್ರದ ಮುಖ್ಯಸ್ಥರು ತಾರೀಖಕ್ಕನನ್ನೇ ಒಳಗೆ ಕಳಿಸಿ, ಅಲ್ಲಿಂದಲೇ ನೇರ ಪ್ರಸಾರ ಮಾಡುವುದೆಂದು ತೀರ್ಮಾನಿಸಿದ್ದರು. ಲೋಕದಲ್ಲಿ ನಡೆದುಹೋದದ್ದನ್ನೆಲ್ಲ ಕೂತಲ್ಲಿಂದ ಹೇಳಿದವಳು, ನಡೆಯುವಾಗ ಎಲ್ಲಿಯೂ ಇದ್ದವಳಲ್ಲ. ಹಿಂದಿನ ರಾತ್ರಿ ಅವಳಿಗೆ ಸರಿಯಾಗಿ ನಿದ್ದೆ ಬಂದಿರಲಿಲ್ಲ.

ಬೆಳಗಿನ ಕಾರ್ಯಕ್ರಮದಲ್ಲಿ ಅವಳು ಮೂರನ್ನು ಓದಿದಳು. ನಾಲ್ಕನೆಯದು ನಾಲಿಗೆಯ ತುದಿಯವರೆಗೆ ಬಂದು ಗಂಟಲಿಗೆ ವಾಪಸ್ಸು ಹೋಯಿತು. ಮನೆಯಲ್ಲಿ ಅಪ್ಪ ರೇಡಿಯೋದ ಗುಂಡಿ ತಿರುಗಿಸಿ ಎದ್ದಿರಬಹುದೆಂದು ನೆನೆದುಕೊಂಡೇ ಅವಳು ವ್ಯಾನು ಹತ್ತಿದಳು.

ಸುರಂಗದ ಬಾಯಲ್ಲಿ ಜಾತ್ರೆ ಸೇರಿದಷ್ಟು ಜನ. ತಡೆಗೋಲಿನಾಚೆ ಹೆಂಗಸರು, ಶಾಲೆ ತಪ್ಪಿಸಿ ಬಂದ ಮಕ್ಕಳು, ಕುರ್ಚಿ ಹೊತ್ತು ತಂದ ಮುದುಕರು. ಒಳಗೆ ಕೆಲಸ ಮಾಡುವವರ ಮನೆಯವರು ತುದಿಗಾಲಲ್ಲಿ ನಿಂತಿದ್ದರು. ತಾರೀಖಕ್ಕನಿಗೆ ಒಂದು ಹೆಲ್ಮೆಟ್ಟು, ಎರಡು ಅಳತೆ ದೊಡ್ಡದಾದ ಬೂಟು ಸಿಕ್ಕಿದವು. ಕಲ್ಲು ಸಾಗಿಸುವ ಪುಟ್ಟ ರೈಲಿನ ಡಬ್ಬಿಯೊಂದರಲ್ಲಿ ಅವಳನ್ನೂ ಮೈಕನ್ನೂ ತಂತಿಯ ಸುರುಳಿಯನ್ನೂ ಒಟ್ಟಿಗೆ ತುಂಬಿದರು. ಹಿಂದೆ ಬೆಳಕಿನ ಬಾಯಿ ಕಿರಿದಾಗುತ್ತ ಹೋಗಿ ಗುಂಡಿಯಷ್ಟಾಯಿತು, ಆಮೇಲೆ ಅದೂ ಇಲ್ಲ. ಗೋಡೆಯ ಉದ್ದಕ್ಕೂ ದೀಪಗಳು, ಒಂದೊಂದರ ಸುತ್ತಲೂ ಹನಿ ಹನಿ ತೇವ. ಗಾಳಿಯಲ್ಲಿ ಎಣ್ಣೆ, ಒದ್ದೆ ಕಲ್ಲು, ಸಿಡಿಮದ್ದಿನ ವಾಸನೆ. ಡಬ್ಬಿ ಒಂದೊಂದು ಸಲ ಕುಲುಕಿದಾಗಲೂ ಅವಳು ಅಂಚನ್ನು ಹಿಡಿದು ಮುಂದಿನ ಕುಲುಕಿಗೆ ಕಾಯುತ್ತಿದ್ದಳು. ಭಯ ಎನ್ನಲು ಅದು ತುಂಬಾ ಚೆನ್ನಾಗಿತ್ತು.

ಸುರಂಗದ ತುದಿಯಲ್ಲಿ ತಂಗಿ ಬೆನ್ನು ಹಾಕಿ ನಿಂತಿದ್ದಳು. ಹೆಲ್ಮೆಟ್ಟಿನ ಪಟ್ಟಿಯನ್ನು ಹಲ್ಲಲ್ಲಿ ಕಚ್ಚಿಕೊಂಡಿದ್ದಳು. ಪರೀಕ್ಷೆಯ ಕಾಲದಲ್ಲಿ ಜಡೆಯ ತುದಿ ಕಚ್ಚುತ್ತಿದ್ದವಳು ಈಗ ಇದಕ್ಕೆ ಬಂದಿದ್ದಾಳೆಂದು ಅಕ್ಕನಿಗೆ ಕಂಡಿತು. ಅವಳ ಪಕ್ಕದಲ್ಲಿ ಸುರಂಗದ ಮೇಸ್ತ್ರಿ. ನರೆತ ಮೀಸೆಯ, ಮಾತು ಕಡಿಮೆಯ ಮನುಷ್ಯ. ಈ ಕೆಲಸ ಮುಗಿದರೆ ಮನೆ ಸೇರುವವನು. ಏನೇನಾಗುವುದೆಂದು ಅವನೇ ವಿವರಿಸಿದ. ಆ ಕಡೆಯ ತಂಡ ನಿನ್ನೆಯೇ ಕೆಲಸ ನಿಲ್ಲಿಸಿ ಹಿಂದೆ ಸರಿದಿದೆ. ಉಳಿದಿರುವುದು ಒಂದು ಗೋಡೆ. ಈ ಕಡೆಯಿಂದ ಉದ್ದನೆಯ ಸಲಾಕೆಯಲ್ಲಿ ಅದರೊಳಕ್ಕೆ ತೂತು ಕೊರೆಯುತ್ತಾರೆ. ಸಲಾಕೆ ಆ ಕಡೆಯ ಸುರಂಗದಲ್ಲಿ ಮೂತಿ ಹೊರಗೆ ಹಾಕಿದರೆ ಗೆರೆ ಸರಿಯಿದೆ ಎಂದರ್ಥ. ಆಮೇಲೆ ಮದ್ದು ತುಂಬಿ ಒಡೆಯುವುದಷ್ಟೇ. ಗೋಡೆಗೆ ತೂಗುಹಾಕಿದ ಫೋನು ಗುಡ್ಡ ಸುತ್ತಿ ಹೋದ ತಂತಿಯ ಮೂಲಕ ಆ ಕಡೆಯ ಫೋನಿಗೆ ಸೇರಿತ್ತು. ಅಲ್ಲೊಬ್ಬ ಸುರಕ್ಷಿತ ದೂರದಲ್ಲಿ ಕೂತು, ಗೋಡೆಗೆ ದೀಪ ಬಿಟ್ಟುಕೊಂಡು, ಕಣ್ಣು ಮಿಟುಕಿಸದೆ ಕಾಯುತ್ತಿದ್ದ.

ಸಲಾಕೆಯ ಮೇಲೆ ಒಂದು ಜಾಗದಲ್ಲಿ ಕೆಂಪು ಬಣ್ಣದ ಉಂಗುರ ಬಳಿದಿತ್ತು. ಅದನ್ನು ಬಳಿದವಳು ತಂಗಿ. ಉಂಗುರ ಕಲ್ಲಿನ ಬಾಯಿಗೆ ಬರುವಷ್ಟರಲ್ಲಿ ತುದಿ ಆಚೆಗೆ ಹೋಗಿರಬೇಕು.

ತಾರೀಖಕ್ಕ ಕಿವಿಗೆ ಹೆಡ್‌ಫೋನು ಏರಿಸಿ ಮೈಕು ಹಿಡಿದಳು. ಸ್ಟುಡಿಯೋದಿಂದ ಮುಖ್ಯಸ್ಥರು ಶುರು ಎಂದರು. ಡ್ರಿಲ್ಲಿನ ಯಂತ್ರ ಅಬ್ಬರಿಸಿತು. ಅಷ್ಟು ಸದ್ದಿನಲ್ಲಿ ಏನು ಹೇಳಿದಳೆಂದು ಆಮೇಲೆ ಅವಳಿಗೇ ನೆನಪಿರಲಿಲ್ಲ. ಕೂಗಿ ಹೇಳಿದ್ದಂತೂ ನಿಜ. ಸಲಾಕೆ ತಿರುಗುತ್ತ ಕಲ್ಲಿನೊಳಕ್ಕೆ ಹೋಗುತ್ತಿತ್ತು, ಕೊರೆಯಲು ಬಿಟ್ಟ ನೀರು ತೂತಿನಿಂದ ಬೂದು ಬಣ್ಣವಾಗಿ ಹಾಲು ಕುದಿದಂತೆ ಉಕ್ಕಿ ಬರುತ್ತಿತ್ತು, ನೆಲ ಅಂಗಾಲಿನಡಿ ಗಡಗಡ ಎನ್ನುತ್ತಿತ್ತು. ಕೆಲಸದವರೆಲ್ಲ ಯಂತ್ರವನ್ನು ಬಿಟ್ಟು ಕೆಂಪು ಉಂಗುರವನ್ನೇ ನೋಡುತ್ತಿದ್ದರು. ಅದು ಹತ್ತಿರ ಬಂತು, ಕಲ್ಲನ್ನು ಮುಟ್ಟಿತು. ತಂಗಿ ಕೈ ಎತ್ತಿ ಹಿಡಿದಳು, ಯಾವ ಗಳಿಗೆಯಲ್ಲಾದರೂ ನಿಲ್ಲಿಸಲು.

ಉಂಗುರ ಕಲ್ಲಿನೊಳಕ್ಕೆ ಹೋಗಿ ಮರೆಯಾಯಿತು. ಯಂತ್ರದ ಸದ್ದು ಬದಲಾಗಲಿಲ್ಲ.

ಇನ್ನೂ ಒಂದು ಮೊಳ ಹೋಗುವವರೆಗೆ ತಂಗಿಯ ಕೈ ಗಾಳಿಯಲ್ಲೇ ಇತ್ತು. ಸಲಾಕೆ ಮುಗಿಯಿತು. ಕೈ ಕೆಳಗಿಳಿಯಿತು, ಯಂತ್ರ ನಿಂತಿತು. ಮೇಸ್ತ್ರಿ ಫೋನಿನಲ್ಲಿ ಕೇಳಿ, ರಿಸೀವರನ್ನು ಎದೆಗೆ ಒತ್ತಿ ಹಿಡಿದ. "ಅಲ್ಲೇನೂ ಕಾಣಿಸ್ತಿಲ್ವಂತೆ ಮೇಡಂ."

ಯಾರೂ ಯಾರ ಮುಖವನ್ನೂ ನೋಡಲಿಲ್ಲ. 'ಸುರಂಗ ಆಯ್ತು' ಎಂಬ ಊರಿನ ಮಾತು ಎಲ್ಲರ ನಾಲಿಗೆಯ ತುದಿಗೂ ಬಂದಿತ್ತು. ತಂಗಿ ಗೋಡೆಗೆ ಹೋಗಿ, ತೂತಿನ ಪಕ್ಕದಲ್ಲಿ ಅಂಗೈ ಊರಿ ನಿಂತಳು, ಜ್ವರ ಬಂದವರ ಹಣೆ ಮುಟ್ಟುವ ಹಾಗೆ. ಆಮೇಲೆ ತಿರುಗಿ, ಇನ್ನೊಂದು ಸಲಾಕೆ ಬೇಕು, ಜೋಡಿಸಿ ಮುಂದೆ ಕೊರೆಯೋಣ ಎಂದಳು. ದನಿ ನೆಟ್ಟಗಿತ್ತು. ಇನ್ನೊಂದು ಸಲಾಕೆ ಇದ್ದದ್ದು ಹೊರಗಿನ ಉಗ್ರಾಣದಲ್ಲಿ. ಪುಟ್ಟ ರೈಲು ಅದನ್ನು ತರಲು ಹೊರಟಿತು.

ಹೆಡ್‌ಫೋನಿನಲ್ಲಿ ಮುಖ್ಯಸ್ಥರ ಉಸಿರು ಕೇಳಿಸಿತು. ಊರಿಗೆ ಊರೇ ರೇಡಿಯೋ ಮುಂದೆ ಕೂತಿದೆ, ಮಾತು ನಿಲ್ಲಿಸಬೇಡಿ, ಈಗ ಹಾಡು ಹಾಕಿದರೆ ಜನ ರೇಡಿಯೋ ಒಡೆದುಹಾಕುತ್ತಾರೆ ಎಂದರು.

ಅವಳು ಮಾತಾಡಿದಳು. ತನಗೆ ಗೊತ್ತಿದ್ದದ್ದು ಒಂದೇ ಬಗೆಯ ಮಾತು. ಸಾವಿರದ ನಾನೂರ ಐವತ್ತಮೂರರ ಇದೇ ದಿನ ಕಾನ್‌ಸ್ಟಾಂಟಿನೋಪಲ್ ಬಿದ್ದದ್ದನ್ನು ಹೇಳಿದಳು: ಏಳೆಂಟು ವಾರ ಮುತ್ತಿಗೆ ಹಾಕಿದವರು ಫಿರಂಗಿ ಹೊಡೆದರು, ಗೋಡೆಯಡಿ ಸುರಂಗವನ್ನೂ ತೋಡಿ ನೋಡಿದರು ಎಂದಾಗ ಡ್ರಿಲ್ಲಿನವನು ಕುತೂಹಲದಿಂದ ತಿರುಗಿ ನೋಡಿದ. ಸಾವಿರದ ಒಂಬೈನೂರ ಹತ್ತೊಂಬತ್ತರ ಗ್ರಹಣದ ಕಥೆ ಹೇಳಿದಳು. ನಕ್ಷತ್ರದ ಬೆಳಕು ಸೂರ್ಯನ ಪಕ್ಕದಲ್ಲಿ ಬರುವಾಗ ಬಾಗುತ್ತದೆಯೋ ಇಲ್ಲವೋ ನೋಡಲು ಎರಡು ತಂಡ ಹೋಗಿದ್ದವು. ನಡುವೆ ಒಂದು ಸಮುದ್ರ. ಒಂದು ಕಡೆ ಬೆಳಗ್ಗೆಯಿಂದ ಮಳೆ, ಮೋಡ. ಇಷ್ಟು ದೂರ ಬಂದದ್ದು ವ್ಯರ್ಥವಾಯಿತು ಎನ್ನುವಾಗ ಮೋಡ ಕೊಂಚ ಬಿರಿಯಿತು, ಪ್ರಯೋಜನಕ್ಕೆ ಬರುವಂಥ ಕೆಲವೇ ಚಿತ್ರ ಸಿಕ್ಕವು. ಎರಡು ಕಡೆಯವರ ಲೆಕ್ಕ ಸೇರಿಸಿ ನೋಡಿದರೆ ಬೆಳಕು ನಿಜವಾಗಿಯೂ ಬಾಗಿತ್ತು. ಶಿಖರದ ಕಥೆಯನ್ನೂ ಹೇಳಿದಳು: ಮೇಲೆ ನಿಂತಿದ್ದು ಹತ್ತಿಪ್ಪತ್ತು ನಿಮಿಷ, ಲೋಕಕ್ಕೆ ಗೊತ್ತಾಗಿದ್ದು ದಿನಗಳು ಕಳೆದ ಮೇಲೆ.

ಮೂರೂ ಮುಗಿದವು. ರೈಲು ಬಂದಿರಲಿಲ್ಲ. ಎಲ್ಲೋ ನೀರು ತೊಟ್ಟಿಕ್ಕುವುದು ಮೈಕಿಗೆ ಕೇಳಿಸುತ್ತಿತ್ತು. ಹೆಡ್‌ಫೋನಿನಲ್ಲಿ ಮತ್ತೆ, ಮಾತಾಡಿ, ಮಾತಾಡಿ.

ತಾರೀಖಕ್ಕ ಕಲ್ಲಿನ ಮೇಲೆ ಕೂತಳು. ಕೂತವಳ ದನಿ ತಾನಾಗಿಯೇ ಬದಲಾಯಿತು. ಓದುವ ದನಿ ಹೋಗಿ ಮನೆಯ ದನಿ ಬಂತು.

"ಇದೇ ದಿನ ಇನ್ನೊಂದು ಆಗಿದೆ. ಇಲ್ಲೇ, ಇದೇ ಗುಡ್ಡದಲ್ಲಿ. ನಾನು ಇಷ್ಟು ವರ್ಷ ಓದಿಲ್ಲ. ಹಳೇ ಸುರಂಗದ ಕೆಲಸ ನಿಂತಿದ್ದು ಇವತ್ತೇ. ಅದಕ್ಕೆ ಗೆರೆ ಹಾಕಿದ್ದು ನಮ್ಮಪ್ಪ."

ತಂಗಿ ಗೋಡೆಯಿಂದ ತಟ್ಟನೆ ತಿರುಗಿದಳು. ಅವಳ ಹೆಲ್ಮೆಟ್ಟಿನ ದೀಪ ನೇರ ಅಕ್ಕನ ಕಣ್ಣಿಗೆ ಬಿತ್ತು. ಅಕ್ಕ ಕಣ್ಣು ಕಿರಿದು ಮಾಡಿಕೊಂಡಳು, ನಿಲ್ಲಿಸಲಿಲ್ಲ.

"ಗುಡ್ಡದ ತಲೆ ಮೇಲೆ ಅಳತೆಗೆ ಅಂತ ಒಂದು ಕಂಬ ನೆಟ್ಟಿದ್ರಂತೆ. ಕೆಲಸ ನಿಲ್ಲೋಕೆ ಮುಂಚಿನ ಮಳೆಗಾಲದಲ್ಲಿ ನೆಲ ಜರುಗಿ ಕಂಬನೂ ಜರುಗ್ತು. ಮತ್ತೆ ಹತ್ತಿ ನೋಡಬೇಕಿತ್ತು, ನೋಡಲಿಲ್ಲ ಅಂತ ಅವರೇ ಹೇಳ್ತಾರೆ. ಕೊನೇ ವಾರ ಎರಡೂ ಕಡೆಯವರಿಗೂ ಒಬ್ಬರ ಸುತ್ತಿಗೆ ಸದ್ದು ಇನ್ನೊಬ್ಬರಿಗೆ ಕೇಳಿಸ್ತಿತ್ತು. ಮೊದಲು ಮುಂದೆ ಕೇಳಿಸ್ತು. ಎಲ್ಲರೂ ಕುಣಿದಾಡಿದ್ರು. ಆಮೇಲೆ ಆ ಸದ್ದು ಪಕ್ಕಕ್ಕೆ ಬಂತು. ಆಮೇಲೆ ಬೆನ್ನ ಹಿಂದೆ ಹೋಯ್ತು."

ಮೇಸ್ತ್ರಿ ಅವಳ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತ. ಮೈಕಿನ ಮುಂದೆ ಮಾತಾಡಿ ಅಭ್ಯಾಸವಿಲ್ಲದವನು, ಅದಕ್ಕೆ ಬಾಯಿ ತಾಗುವಷ್ಟು ಬಗ್ಗಿ, "ಹಿಂದೆ ಹೋಗಿದ್ದು ನಾನೂ ಕೇಳಿದೀನಿ" ಎಂದ. "ಆಗ ನಂಗೆ ಮೀಸೆ ಬಂದಿರಲಿಲ್ಲ. ನಾವು ಸುತ್ತಿಗೆ ಕೆಳಗಿಟ್ಟು ಹೊರಗೆ ಬಂದ್ವಿ. ಇವರಪ್ಪ ಎಲ್ಲರಿಗಿಂತ ಕೊನೇಲಿ ಬಂದ್ರು. ಬಂದು ಬಾಯಿ ಹತ್ರ ನಿಂತು, ತಪ್ಪು ನಂದು ಅಂದ್ರು. ಅವರ ಮೇಲೆ ಎಷ್ಟೋ ಸಾಹೇಬ್ರಿದ್ರು. ಬೇರೆ ಯಾರೂ ಬಾಯಿ ಬಿಡಲಿಲ್ಲ."

ಇದು ಇಬ್ಬರು ಹೆಣ್ಣುಮಕ್ಕಳಿಗೂ ಗೊತ್ತಿರಲಿಲ್ಲ. ಅಪ್ಪ ಕಂಬದ ವಿಷಯ ಹೇಳಿದ್ದರು, ಗೆರೆಯ ವಿಷಯ ಹೇಳಿದ್ದರು, ಬಾಯಿಯ ಹತ್ತಿರ ನಿಂತು ಏನೆಂದರೆಂದು ಯಾವತ್ತೂ ಹೇಳಿರಲಿಲ್ಲ. ತಂಗಿಯ ದೀಪ ಅಕ್ಕನ ಮುಖದಿಂದ ಸರಿದು ನೆಲಕ್ಕೆ ಬಿತ್ತು. ಅವಳು ಹತ್ತಿರ ಬಂದು ಅಕ್ಕನ ಕೈಯಿಂದ ಮೈಕು ತೆಗೆದುಕೊಂಡಳು. ರೇಡಿಯೋದಲ್ಲಿ ಅವಳ ದನಿ ಬಂದದ್ದು ಅದೇ ಮೊದಲು.

"ಅಪ್ಪಾ, ಈ ಸಲ ಕಂಬ ಜರುಗಿಲ್ಲ. ಮೊನ್ನೆ ಕೂಡ ಹತ್ತಿ ನೋಡಿ ಬಂದಿದೀನಿ."

ಇಷ್ಟು ಹೇಳಿ ಮೈಕು ಹಿಂದಕ್ಕೆ ಕೊಟ್ಟಳು. ಕೊಡುವಾಗ ಅಕ್ಕನಿಗೆ ಮಾತ್ರ ಕೇಳಿಸುವ ಹಾಗೆ, "ಈಗಲೇ ಹೇಳಬೇಕಿತ್ತಾ ನಿಂಗೆ" ಎಂದು ಗದರಿದಳು. ಗದರಿಕೆಯಲ್ಲಿ ಅರ್ಧ ಅಳು, ಅರ್ಧ ನಗು. ಅಷ್ಟರಲ್ಲಿ ಹಳಿಗಳು ಕಿರುಗುಟ್ಟಿದವು. ಸಲಾಕೆ ಬಂತು.

ಜೋಡಿಸಲು ನಾಲ್ಕು ಜನ ಕೈ ಹಾಕಿದರು, ಆರು ಜನ ಸಲಹೆ ಕೊಟ್ಟರು. ಯಂತ್ರ ಮತ್ತೆ ಅಬ್ಬರಿಸಿತು. ಈ ಸಲ ಯಾವ ಗುರುತೂ ಇರಲಿಲ್ಲ, ಎಲ್ಲಿಯವರೆಗೆಂದು ಯಾರಿಗೂ ತಿಳಿಯದು. ತಾರೀಖಕ್ಕ ಕೂಗುವುದನ್ನೂ ಮರೆತು ನಿಂತಳು. ಅವಳ ಕೈಯಲ್ಲಿದ್ದ ಮೈಕು ತಾನೇ ತಾನಾಗಿ ಊರಿಗೆಲ್ಲ ಆ ಗರ್ಜನೆಯನ್ನು ಕಳಿಸುತ್ತಿತ್ತು. ಸಲಾಕೆ ಒಂದು ಗೇಣು ಹೋಯಿತು, ಇನ್ನೊಂದು ಗೇಣು ಹೋಯಿತು. ತಂಗಿ ಕಣ್ಣು ಮುಚ್ಚಿ, ಯಂತ್ರದ ಕಬ್ಬಿಣದ ಮೇಲೆ ಎರಡು ಬೆರಳಿಟ್ಟು ನಿಂತಿದ್ದಳು.

ಕಣ್ಣು ತೆರೆದದ್ದು ಅವಳೇ ಮೊದಲು. ಸದ್ದು ಒಂದು ಕ್ಷಣ ತೊದಲಿತು, ಆಮೇಲೆ ಸಣ್ಣಗೆ ಕೀರಲಾಯಿತು. ಸಲಾಕೆ ಯಾರೋ ಆಚೆಯಿಂದ ಎಳೆದುಕೊಂಡಂತೆ ಮುಂದಕ್ಕೆ ಜಿಗಿಯಿತು. ಉಕ್ಕುತ್ತಿದ್ದ ಬೂದು ನೀರು ನಿಂತುಹೋಯಿತು. ಈ ಕಡೆಗೆ ಬರಬೇಕಾದ ನೀರು ಬೇರೆ ಎಲ್ಲಿಗೋ ಹೋಗುತ್ತಿತ್ತು.

"ನಿಲ್ಸು," ಎಂದಳು ತಂಗಿ. ಸದ್ದಿನಲ್ಲಿ ಅದು ಯಾರಿಗೂ ಕೇಳಿಸಲಿಲ್ಲ, ಆದರೂ ಯಂತ್ರ ನಿಂತಿತು.

ಮೇಸ್ತ್ರಿ ಕೈಹಾಕುವ ಮೊದಲೇ ಫೋನು ಹೊಡೆದುಕೊಂಡಿತು. ಅವನು ರಿಸೀವರು ಎತ್ತಿ ಕಿವಿಗಿಡುವ ಹಾಗೂ ಇರಲಿಲ್ಲ. ಆಚೆಯವನ ಕೂಗು ಸುರಂಗವನ್ನೇ ತುಂಬಿತು. ಗೋಡೆಯಿಂದ ಕಾರಂಜಿ ಚಿಮ್ಮಿ ಅವನ ಮೈಯೆಲ್ಲ ನೆನೆದಿತ್ತಂತೆ. ತಂಗಿ ಫೋನು ಕಸಿದುಕೊಂಡು, ಗೋಡೆಯ ಮಧ್ಯದ ಗುರುತಿನಿಂದ ಎಷ್ಟು ದೂರ, ಸರಿಯಾಗಿ ಹೇಳು ಎಂದು ಕೇಳಿದಳು. ಅವನು ಓಡಿ ಹೋಗಿ ಅಳೆದು ಓಡಿ ಬರುವವರೆಗೆ ಈ ಕಡೆ ಎಲ್ಲರೂ ಫೋನಿನ ಸುತ್ತ ಮುತ್ತಿಕೊಂಡರು. ಅವಳು ಕೇಳಿಸಿಕೊಂಡಳು. ರಿಸೀವರನ್ನು ಗೂಟಕ್ಕೆ ನೇತುಹಾಕಲು ನೋಡಿ, ಎರಡು ಸಲ ತಪ್ಪಿ, ಮೂರನೆಯ ಸಲಕ್ಕೆ ಮೇಸ್ತ್ರಿಯ ಕೈಗೇ ಕೊಟ್ಟುಬಿಟ್ಟಳು.

"ಒಂದು ಗೇಣು," ಎಂದಳು. "ಎಡಕ್ಕೆ ಒಂದೇ ಒಂದು ಗೇಣು."

ಆಮೇಲೆ ಆದದ್ದನ್ನು ಊರು ರೇಡಿಯೋದಲ್ಲಿ ಕೇಳಿತು. ಹೆಲ್ಮೆಟ್ಟುಗಳು ಗೋಡೆಗೆ ಬಡಿದ ಸದ್ದು, ಯಾರೋ ಶಿಳ್ಳೆ ಹೊಡೆದದ್ದು, ಯಂತ್ರದವನು ಗಳಗಳನೆ ಅತ್ತದ್ದು, ಚರಿತ್ರೆಯನ್ನು ಅಷ್ಟು ವರ್ಷ ಅಚ್ಚುಕಟ್ಟಾಗಿ ಓದಿದ ಹೆಂಗಸು, "ಬಂತು, ಬಂತು, ಹೋಯ್ತು, ಆಚೆ ಹೋಯ್ತು" ಎಂದು ಅರ್ಥವಿಲ್ಲದೆ ಒದರಿದ್ದು. ಕೆಂಪು ಉಂಗುರ ಸುಳ್ಳಾದದ್ದು ಏಕೆಂದೂ ತಿಳಿಯಿತು. ಆ ಕಡೆಯವರ ಕೊನೆಯ ಸ್ಫೋಟ ಎಣಿಸಿದಷ್ಟು ಕಲ್ಲು ಕಿತ್ತಿರಲಿಲ್ಲ. ಅಷ್ಟಕ್ಕೇನೆಂದು ಅಲ್ಲಿನ ಮೇಸ್ತ್ರಿ ಇಲ್ಲಿಗೆ ತಿಳಿಸಿರಲಿಲ್ಲ. ಈ ಕಡೆಯ ಮೇಸ್ತ್ರಿ ಅವನಿಗೆ ಫೋನಿನಲ್ಲಿ ಏನೋ ಹೇಳಲು ಬಾಯಿ ತೆರೆದಾಗ ಮುಖ್ಯಸ್ಥರು ಪ್ರಸಾರವನ್ನು ಗಡಿಬಿಡಿಯಿಂದ ಸ್ಟುಡಿಯೋಗೆ ತಿರುಗಿಸಿಕೊಂಡರು.

ಮದ್ದು ತುಂಬಿ ಸಿಡಿಸುವ ಹೊತ್ತಿಗೆ ಎಲ್ಲರೂ ಹೊರಗೆ ಬಂದಿದ್ದರು. ಗುಡ್ಡ ಒಳಗೊಳಗೇ ಕೆಮ್ಮಿದಂತಾಯಿತು. ಸುರಂಗದ ಬಾಯಿಂದ ಹೊಗೆ ನಿಧಾನಕ್ಕೆ ಉರುಳಿ ಬರತೊಡಗಿತು. ಬಾಯಲ್ಲಿ ಕೂರಿಸಿದ್ದ ದೊಡ್ಡ ಫ್ಯಾನು ಅದನ್ನು ಹೊರಕ್ಕೆ ಎಳೆಯುತ್ತಿತ್ತು. ಇದ್ದಕ್ಕಿದ್ದಂತೆ ಹೊಗೆ ರಭಸವಾಗಿ, ಒಂದೇ ಸಮನೆ ಹರಿದು ಬಂತು. ಫ್ಯಾನಿನ ಮುಂದೆ ಕಟ್ಟಿದ್ದ ಬಟ್ಟೆ ಪಟಪಟನೆ ಹಾರಿತು. ಆಚೆಯ ಗಾಳಿ ಗುಡ್ಡದ ಮೂಲಕ ಈ ಕಡೆಗೆ ಬಂದು ಜನರ ಮುಖಕ್ಕೆ ತಾಗಿತು. ತಣ್ಣಗೆ, ಕಲ್ಲಿನ ವಾಸನೆಯ ಗಾಳಿ. ತಡೆಗೋಲಿನಾಚೆ ಗದ್ದಲ ಮಾಡುತ್ತಿದ್ದವರು ಅದಕ್ಕೆ ಮುಖವೊಡ್ಡಿ ಸುಮ್ಮನೆ ನಿಂತುಬಿಟ್ಟರು.

ಆಗಲೇ ಜನ ಎರಡು ಪಾಲಾಗಿ ದಾರಿ ಬಿಟ್ಟದ್ದು ತಾರೀಖಕ್ಕನ ಕಣ್ಣಿಗೆ ಬಿತ್ತು. ಅಪ್ಪ ಬರುತ್ತಿದ್ದರು. ಪಕ್ಕದ ಮನೆಯ ಟ್ಯಾಕ್ಸಿಯವನು ರೇಡಿಯೋ ಕೇಳುತ್ತ ಕೇಳುತ್ತಲೇ ಅವರನ್ನು ಕೂರಿಸಿಕೊಂಡು ಬಂದಿದ್ದ. ಅಂಗಿಯ ತೋಳಿನಲ್ಲಿ ಸೈಕಲ್ ಚೈನಿನ ಗ್ರೀಸು ಹಾಗೇ ಇತ್ತು. ಒಬ್ಬ ಮುದುಕ ತಾನು ಹೊತ್ತು ತಂದಿದ್ದ ಕುರ್ಚಿಯಿಂದ ಎದ್ದು ಅದನ್ನು ಅವರ ಕಡೆಗೆ ತಳ್ಳಿದ. ಅಪ್ಪ ಕೂರಲಿಲ್ಲ. ಚಿಕ್ಕ ಮಗಳ ಮುಂದೆ ಬಂದು ನಿಂತು, ಎಷ್ಟು ತಪ್ಪಿದೆ ಎಂದರು.

"ಒಂದು ಗೇಣು ಅಪ್ಪಾ. ಎಡಕ್ಕೆ."

ಅಪ್ಪ ಹುಬ್ಬು ಗಂಟಿಕ್ಕಿ ಯೋಚಿಸಿದರು. "ಎಡಕ್ಕೆ ಯಾಕೆ ಬಂತು?"

ತಂಗಿ ನಗಲು ಶುರುಮಾಡಿದವಳು ನಿಲ್ಲಿಸಲಾರದೆ, ಧೂಳು ಮೆತ್ತಿದ ಮುಖವನ್ನು ಅವರ ಹೆಗಲಿಗೆ ಒರಗಿಸಿಬಿಟ್ಟಳು. ಅಪ್ಪ ಅವಳ ಬೆನ್ನು ತಟ್ಟುತ್ತ, ಅವಳ ತಲೆಯ ಮೇಲಿಂದ ದೊಡ್ಡ ಮಗಳನ್ನು ನೋಡಿದರು.

"ಚೆನ್ನಾಗಿ ಹೇಳಿದೆ," ಎಂದರು. "ಆದ್ರೆ ಕಂಬ ಜರುಗಿದ್ದು ಆ ಮಳೆಗಾಲದಲ್ಲಲ್ಲ, ಅದರ ಹಿಂದಿನದ್ರಲ್ಲಿ. ಮುಂದಿನ ಸಲ ಸರಿಯಾಗಿ ಓದು."

ಓದುತ್ತೇನೆಂದು ಅವಳು ತಲೆಯಾಡಿಸಿದಳು.

ಒಳಗೆ ದೊಡ್ಡ ಕಲ್ಲುಗಳನ್ನು ಸರಿಸಿ ಆಳು ದಾಟುವಷ್ಟು ದಾರಿಯಾದ ಮೇಲೆ ಮೇಸ್ತ್ರಿಯೇ ಬಂದು ಅಪ್ಪನನ್ನು ಕರೆದ. ತನ್ನ ಹೆಲ್ಮೆಟ್ಟನ್ನು ತೆಗೆದು ಅವರ ತಲೆಗಿಟ್ಟು, ಗಲ್ಲದ ಕೆಳಗೆ ಪಟ್ಟಿಯನ್ನೂ ತಾನೇ ಬಿಗಿದ. ಡಬ್ಬಿಯಲ್ಲಿ ಅಪ್ಪ ಮಕ್ಕಳು ಮೂವರೂ ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತರು. ದಾರಿಯುದ್ದಕ್ಕೂ ಅಪ್ಪ ಗೋಡೆಗಳನ್ನು ನೋಡುತ್ತಿದ್ದರು, ಆಗಾಗ ಏನನ್ನೋ ಕೇಳುತ್ತಿದ್ದರು, ತಂಗಿ ಉತ್ತರಿಸುತ್ತಿದ್ದಳು. ಇಬ್ಬರ ಮಾತಿನಲ್ಲಿ ಅಕ್ಕನಿಗೆ ಅರ್ಥವಾದದ್ದು ಅರ್ಧ. ಹಳಿ ಮುಗಿದಲ್ಲಿ ಇಳಿದು, ಒಡೆದ ಕಲ್ಲಿನ ರಾಶಿಯನ್ನು ಹತ್ತಿದರು. ಆಚೆಯ ತಂಡದವರು ಮೇಲಿಂದ ಕೈ ಚಾಚಿದರು. ಯಾರ ಕೈಯೆಂದು ತಿಳಿಯದೆ ಹಿಡಿದುಕೊಂಡು ಒಬ್ಬೊಬ್ಬರಾಗಿ ದಾಟಿದರು. ಅಂಚಿಗೆ ಬಂದಾಗ ಅಪ್ಪ ಒಂದು ಗಳಿಗೆ ನಿಂತು, ಒಂದು ಕಾಲು ಈ ಕಡೆಯ ಕಲ್ಲಿನ ಮೇಲೆ, ಇನ್ನೊಂದು ಆ ಕಡೆಯದರ ಮೇಲೆ ಇರುವುದನ್ನು ಬಗ್ಗಿ ನೋಡಿದರು. ಆಮೇಲೆ ಹಿಂದಿನ ಕಾಲನ್ನು ಎತ್ತಿಟ್ಟರು.

ಆಚೆಯ ಸುರಂಗ ಉದ್ದವಾಗಿತ್ತು. ಅವರ ರೈಲಿನಲ್ಲಿ ಕೂರಲು ಅಪ್ಪ ಒಪ್ಪಲಿಲ್ಲ, ನಡೆಯುತ್ತೇನೆಂದರು. ಎಡಬಲಕ್ಕೆ ಹೆಣ್ಣುಮಕ್ಕಳು, ನಡುವೆ ಅವರು, ಮೂವರೂ ಹಳಿಗಳ ನಡುವಿನ ಹಲಗೆಗಳ ಮೇಲೆ ಕಾಲಿಡುತ್ತ ನಿಧಾನಕ್ಕೆ ನಡೆದರು. ಗಾಳಿ ಎದುರಿನಿಂದ ಬೀಸುತ್ತಿತ್ತು. ದೂರದಲ್ಲಿ ಕಂಡ ಹೊಳಪು ದೀಪವಿರಬೇಕೆಂದು ತಾರೀಖಕ್ಕ ಅಂದುಕೊಂಡಳು. ಹತ್ತಿರವಾದಂತೆ ಅದು ಹಿಗ್ಗಿತು, ಹಳದಿಯಾಯಿತು, ಕಣ್ಣು ಕುಕ್ಕಿತು.

ಅವರ ಊರಿಗೆ ಈ ಹೊತ್ತಿಗೆ ಗುಡ್ಡದ ನೆರಳು ಬಿದ್ದು, ಮನೆಗಳಲ್ಲಿ ದೀಪ ಹಾಕುತ್ತಿರುತ್ತಾರೆ. ಇಲ್ಲಿ ಇನ್ನೂ ಬಿಸಿಲಿತ್ತು. ಸುರಂಗದ ಬಾಯಾಚೆಗೆ ಇಳಿಜಾರಿನ ಹುಲ್ಲು, ಅದರಾಚೆ ಅವರು ನೋಡಿರದ ಮನೆಗಳ ಹೆಂಚುಗಳು, ಎಲ್ಲವೂ ಬೆಳಕಿನಲ್ಲಿ ಅದ್ದಿದಂತೆ ಇದ್ದವು. ಅಪ್ಪ ಹೊಸ್ತಿಲಿನಂಥ ಕಲ್ಲಿನ ಮೇಲೆ ನಿಂತು ಹೆಲ್ಮೆಟ್ಟು ತೆಗೆದರು, ಸೂರ್ಯನ ಕಡೆಗೆ ಕಣ್ಣು ಕಿರಿದು ಮಾಡಿ ನೋಡಿದರು. ಅವರ ನೆರಳು ಹಿಂದಕ್ಕೆ, ಹಳಿಗಳ ಮೇಲೆ ನೇರವಾಗಿ, ಸುರಂಗದೊಳಕ್ಕೆ ಬಹಳ ದೂರದವರೆಗೆ ಚಾಚಿಕೊಂಡಿತ್ತು.